ಆಸ್ಪತ್ರೆಯ ಒಲವು: ಕಥೆಯಲ್ಲಿ ಮತ್ತು ಚರಿತ್ರೆಯಲ್ಲಿ



ಕಲಬುರಗಿ ಜಿಲ್ಲೆಯ ಅಫಜಲಪುರ, ಜೇವರ್ಗಿ ತಾಲ್ಲೂಕುಗಳಿಗೆ ನೀರುಣಿಸುವ ಭೀಮಾ ನದಿ ಮಹಾರಾಷ್ಟ್ರದಿಂದ ಹರಿದು ಬರುತ್ತದೆ. ಆಳಂದ, ಅಫಜಲಪುರಗಳ ಗಡಿ ದಾಟಿದರೆ ಸೊಲ್ಲಾಪುರ ಜಿಲ್ಲೆ. ಕಾಯಿಲೆ ಕಸಾಲೆಯಾದಾಗ ಈ ಕಡೆಯ ಜನ ಸೊಲ್ಲಾಪುರದ ದವಾಖಾನೆಗಳಿಗೆ ಹೋಗುವುದುಂಟು. ವೈದ್ಯವೃತ್ತಿ ಮತ್ತು ಪ್ರೇಮ ಎರಡೂ ಕೂಡಿದ ಒಂದು ನಿಜಕಥೆಯ ನಾಯಕ ಹುಟ್ಟಿದ್ದೂ ಅದೇ ಊರಿನಲ್ಲಿ.

ಮೊದಲು ಕಲ್ಪನೆಯ ಕಥೆಗಳನ್ನು ನೋಡೋಣ. ಪುಟ್ಟಣ್ಣ ಕಣಗಾಲರ ‘ಮಾನಸ ಸರೋವರ’ (1982) ಚಿತ್ರದಲ್ಲಿ ಮನೋವೈದ್ಯನೊಬ್ಬ ತನ್ನಿಂದ ಚಿಕಿತ್ಸೆ ಪಡೆಯುತ್ತಿರುವ ಯುವತಿಗೆ ಮನಸೋಲುತ್ತಾನೆ. ಗುಣಹೊಂದಿದ ಆಕೆ ಬೇರೊಬ್ಬನನ್ನು ಮೆಚ್ಚುತ್ತಾಳೆ. ಕೊನೆಗೆ ವೈದ್ಯನೇ ಬುದ್ಧಿ ಕಳೆದುಕೊಳ್ಳುತ್ತಾನೆ. ಹಿಂದಿಯ ‘ಖಾಮೋಶಿ’ (1969) ಚಿತ್ರದ ದಾದಿಯ ಗತಿಯೂ ಇದೇ. ಹೀಗೇಕೆ? ರೋಗಿಯು ದೇಹ, ಮನಸ್ಸು ಎರಡನ್ನೂ ನಂಬಿ ಒಪ್ಪಿಸಿರುವಾಗ ಅಲ್ಲಿ ಇಬ್ಬರೂ ಸಮಾನರಲ್ಲ. ಪ್ರಾಚೀನ ಗ್ರೀಸಿನ ಹಿಪಾಕ್ರಟಿಸನ ಹೆಸರಿನ ಪ್ರತಿಜ್ಞೆಯೇ ಚಿಕಿತ್ಸೆಗೆ ಹೋದ ಮನೆಯಲ್ಲಿ ವೈದ್ಯನು ಇಂಥ ಸಂಬಂಧ ಬೆಳೆಸಬಾರದೆಂದು ವಿಧಿಸಿತ್ತು.

ಇನ್ನು ನಿಜಕಥೆ. 1910ರಲ್ಲಿ ಜನಿಸಿದ ಡಾ. ದ್ವಾರಕಾನಾಥ ಕೋಟ್ನೀಸರು ಮುಂಬಯಿಯಲ್ಲಿ ವೈದ್ಯಶಾಸ್ತ್ರ ಓದಿದರು. ಜಪಾನಿನ ದಾಳಿಗೆ ತುತ್ತಾಗಿದ್ದ ಚೀನಾಕ್ಕೆ 1938ರಲ್ಲಿ ಭಾರತ ರಾಷ್ಟ್ರೀಯ ಕಾಂಗ್ರೆಸ್ ಕಳುಹಿಸಿದ ಐವರು ವೈದ್ಯರಲ್ಲಿ ಅವರೂ ಒಬ್ಬರು. ಜೊತೆಗಾರರು ಒಬ್ಬೊಬ್ಬರಾಗಿ ಹಿಂದಿರುಗಿದರೂ ಕೋಟ್ನೀಸರು ಅಲ್ಲಿಯೇ ಉಳಿದರು. 1941ರಲ್ಲಿ, ಕೆನಡಾದ ವೈದ್ಯ ನಾರ್ಮನ್ ಬೆಥೂನರ ಹೆಸರಿನ ಆಸ್ಪತ್ರೆಯ ನಿರ್ದೇಶಕರಾದರು. ಅಲ್ಲಿನ ವೈದ್ಯಶಾಲೆಯಲ್ಲಿ ಶುಶ್ರೂಷೆಯ ಪಾಠ ಹೇಳುತ್ತಿದ್ದವರು ಗುವೊ ಚಿಂಗ್‌ಲಾನ್. ಯುದ್ಧದ ನಡುವೆ ಒಂದೇ ಕೆಲಸದಲ್ಲಿ ತೊಡಗಿದ್ದ ಇಬ್ಬರೂ ಪರಸ್ಪರ ಮೆಚ್ಚಿ ಅದೇ ವರ್ಷ ಮದುವೆಯಾದರು. 1942ರ ಆಗಸ್ಟ್‌ನಲ್ಲಿ ಹುಟ್ಟಿದ ಮಗನಿಗೆ ಯಿನ್‌ಹುವಾ ಎಂದು ಹೆಸರಿಟ್ಟರು. ‘ಯಿನ್’ ಎಂದರೆ ಭಾರತ, ‘ಹುವಾ’ ಎಂದರೆ ಚೀನಾ. ಆದರೆ ಆ ಸಂಸಾರ ಬಹಳ ಕಾಲ ಬಾಳಲಿಲ್ಲ. ಅಪಸ್ಮಾರದಿಂದ ಬಳಲುತ್ತಿದ್ದ ಕೋಟ್ನೀಸರು 1942ರ ಡಿಸೆಂಬರ್ 9ರಂದು, ತಮ್ಮ 32ನೆಯ ವಯಸ್ಸಿನಲ್ಲಿ ತೀರಿಕೊಂಡರು. ವೈದ್ಯಶಾಸ್ತ್ರ ಓದುತ್ತಿದ್ದ ಮಗನೂ 1967ರಲ್ಲಿ ಅಕಾಲ ಮರಣಕ್ಕೀಡಾದ. ಚಿಂಗ್‌ಲಾನ್ 2012ರವರೆಗೆ ಬದುಕಿದ್ದರು; ಪತಿಯ ನೆನಪುಗಳನ್ನು ಪುಸ್ತಕವಾಗಿ ಬರೆದರು. ವಿ. ಶಾಂತಾರಾಮರು 1946ರಲ್ಲಿಯೇ ಈ ಜೀವನವನ್ನು ಚಲನಚಿತ್ರವಾಗಿಸಿದ್ದರು.

ಸಿನಿಮಾದ ಮನೋವೈದ್ಯ ಪ್ರೀತಿಸಿದ್ದು ತನ್ನ ಆಸರೆಯಲ್ಲಿದ್ದವಳನ್ನು. ಕೋಟ್ನೀಸರು ಪ್ರೀತಿಸಿದ್ದು ತಮ್ಮೊಡನೆ ಸಮಸಮವಾಗಿ ದುಡಿದವಳನ್ನು. ಮುಂದೆ ವೈದ್ಯರೋ ದಾದಿಯರೋ ಆಗಬಯಸುವ ನೀವು ಈ ಅಂತರವನ್ನು ಮನಸ್ಸಿನಲ್ಲಿಡಿ. ರೋಗಿ ತೋರುವ ವಿಶ್ವಾಸ ನಿಮ್ಮ ವೃತ್ತಿಗೆ ಸಲ್ಲುವಂಥದು. ಅದನ್ನು ಒಲವೆಂದು ಭಾವಿಸಲಾಗದು.