ಗೋವೆಯ ಗಡಿಯೂ ಹುಬ್ಬಳ್ಳಿ-ಧಾರವಾಡಗಳೂ

ಪಟ್ಟಣವೊಂದರ ಇತಿಹಾಸವನ್ನು ಬರೆಯಹೊರಟವರು ಬಹುತರವಾಗಿ ಅದರ ಕೋಟೆ, ಪೇಟೆ, ಗುಡಿಗಳಿಂದ ಆರಂಭಿಸುವದು ವಾಡಿಕೆ. ಆದರೆ ಹುಬ್ಬಳ್ಳಿ-ಧಾರವಾಡಗಳ ಕಳೆದ ನೂರೈವತ್ತು ವರ್ಷಗಳ ಚರಿತ್ರೆಯನ್ನು ಅರಿಯಬೇಕಾದರೆ, ಮೊದಲು ಪಡುವಲಿಗೆ ಹೋಗಿ ಸಹ್ಯಾದ್ರಿಯ ನೆತ್ತಿಯಲ್ಲಿರುವ ಗೋವೆಯ ಗಡಿಯ ಮೇಲೆ ನಿಲ್ಲಬೇಕು. ಹತ್ತೊಂಬತ್ತನೆಯ ಶತಮಾನದಲ್ಲಿ ಈ ಊರುಗಳ ವ್ಯಾಪಾರದ ದಿಕ್ಕನ್ನು ತಿರುಗಿಸಿದ್ದು ಆ ಗಡಿಯೇ. ನಮ್ಮ ಕಾಲದಲ್ಲಿ ಇವುಗಳ ಕುಡಿಯುವ ನೀರಿನ ಪ್ರಶ್ನೆಯನ್ನು ತೊಡಕಾಗಿಸಿದ್ದೂ ಆ ಗಡಿಯೇ.

ನಮ್ಮ ನಾಡಿನ ನೆಲದ ಮಾಟವನ್ನು ಮೊದಲು ನೆನೆಯೋಣ. ಧಾರವಾಡವು ಎರಡು ಕಡಲುಗಳಿಗೆ ನೀರನ್ನು ಹಂಚುವ ದಿನ್ನೆಯ ಮೇಲೆ ಕುಳಿತಿದೆ. ಊರ ಮಗ್ಗುಲಲ್ಲಿ ಸೋಮೇಶ್ವರನ ಸನ್ನಿಧಿಯಲ್ಲಿ ಹುಟ್ಟುವ ಶಾಲ್ಮಲೆಯು ಬೇಡ್ತಿಯನ್ನು ಕೂಡಿ ಪಶ್ಚಿಮ ಸಮುದ್ರಕ್ಕೆ ಇಳಿಯುವದು; ಮೂಡಲ ಬಯಲಿನ ಬೆಣ್ಣೆಹಳ್ಳ, ತುಪ್ಪರಿಹಳ್ಳಗಳು ಮಲಪ್ರಭೆಯ ಮೂಲಕ ಕೃಷ್ಣೆಗೂ, ಅಲ್ಲಿಂದ ಪೂರ್ವ ಸಮುದ್ರಕ್ಕೂ ಸಲ್ಲುವವು. ದಿನ್ನೆಯ ಮೇಲೆ ದೊಡ್ಡ ಹೊಳೆ ಹರಿಯದು. ಆದುದರಿಂದಲೇ ನಮ್ಮ ಹಿರಿಯರು ಉಣಕಲ್ಲ, ಕೆಲಗೇರಿ, ಸಾಧನಕೇರಿ ಮೊದಲಾದೆಡೆಗಳಲ್ಲಿ ಮಳೆಯ ನೀರನ್ನು ಕೆರೆಗಳಲ್ಲಿ ಹಿಡಿದಿಟ್ಟು ಬಾಳಿದರು.

ಈ ಬಯಲಿನ ಐಶ್ವರ್ಯವೆಂದರೆ ಹತ್ತಿ. 1861ರಿಂದ 1865ರವರೆಗೆ ಅಮೇರಿಕೆಯಲ್ಲಿ ಅಂತರ್ಯುದ್ಧವು ನಡೆದು, ಅಲ್ಲಿಯ ಹತ್ತಿ ಇಂಗ್ಲಂಡದ ಗಿರಣಿಗಳಿಗೆ ಬಾರದೆ ಹೋದಾಗ ಧಾರವಾಡ ಜಿಲ್ಲೆಯ ಹತ್ತಿಗೆ ಬೆಲೆಯೇರಿತು. ಅದನ್ನು ಕಡಲಿಗೆ ಮುಟ್ಟಿಸುವ ಬಗೆ ಯಾವದು? ಅಲ್ಲಿಯವರೆಗೆ ಎತ್ತಿನ ಹೇರುಗಳೂ ಬಂಡಿಗಳೂ ಘಟ್ಟವನ್ನಿಳಿದು ಕುಮಟೆಯನ್ನು ಸೇರುತ್ತಿದ್ದವು. ಕಾರವಾರದ ಬಂದರವನ್ನು ಬೆಳೆಯಿಸಬೇಕೆಂದು ಮುಂಬಯಿಯ ವರ್ತಕರು ಒತ್ತಾಯಿಸಿದರು. 1862ರಲ್ಲಿ ಉತ್ತರ ಕನ್ನಡ ಜಿಲ್ಲೆಯನ್ನು ಮದ್ರಾಸ ಇಲಾಖೆಯಿಂದ ಬೇರ್ಪಡಿಸಿ ಮುಂಬಯಿ ಇಲಾಖೆಗೆ ಸೇರಿಸಿದ್ದಕ್ಕೆ ಇದೇ ಮುಖ್ಯ ಕಾರಣ. ಹತ್ತಿಯ ಮೂಟೆಗಾಗಿ ಒಂದು ಜಿಲ್ಲೆಯ ಎಲ್ಲೆಯೇ ಸರಿಯಿತು.

ಆದರೆ ಉಗಿಬಂಡಿಯು ಬಂದುದು ಕಾರವಾರಕ್ಕಲ್ಲ. 1878ನೆಯ ಇಸವಿಯ ಡಿಸೆಂಬರದಲ್ಲಿ ಬ್ರಿಟಿಷರಿಗೂ ಪೋರ್ತುಗೀಜರಿಗೂ ಒಂದು ಒಡಂಬಡಿಕೆಯಾಯಿತು. ಗೋವೆಗೂ ಬ್ರಿಟಿಷ್ ಇಂಡಿಯಕ್ಕೂ ನಡುವಣ ಸುಂಕವನ್ನು ತೆಗೆದುಹಾಕುವದು, ಗೋವೆಯ ಉಪ್ಪಿನ ತಯಾರಿಕೆಯು ಬ್ರಿಟಿಷರ ಹತೋಟಿಗೆ ಬರುವದು, ಇದಕ್ಕೆ ಪ್ರತಿಯಾಗಿ ಪೋರ್ತುಗೀಜರಿಗೆ ವರ್ಷಕ್ಕೆ 4 ಲಕ್ಷ ರೂಪಾಯಿ ಸಲ್ಲುವದು, ಮುರಗಾಂವ ಬಂದರದಿಂದ ಘಟ್ಟದ ಮೇಲಿನವರೆಗೆ ರೇಲ್ವೆ ಹಾಕುವದು, ಇವು ಅದರ ಮುಖ್ಯ ಕರಾರುಗಳು. ದೂಧಸಾಗರದ ಕೊಳ್ಳದ ಮೇಲಿನಿಂದ ಹಾದುಬಂದ ಆ ದಾರಿಯು ಕ್ಯಾಸಲ್‌ರಾಕಿನಲ್ಲಿ ಸದರ್ನ್ ಮರಾಠಾ ರೇಲ್ವೆಯನ್ನು ಕೂಡಿ, 1888ರಲ್ಲಿ ಹುಬ್ಬಳ್ಳಿಯ ಪೇಟೆಯನ್ನು ಮುರಗಾಂವದ ಹಡಗುಕಟ್ಟೆಗೆ ಹೊಂದಿಸಿತು. ಹುಬ್ಬಳ್ಳಿಯಲ್ಲಿ ರೇಲ್ವೆಯ ಕಾರಖಾನೆಯು ನಿಂತಿತು. ಧಾರವಾಡದಲ್ಲಿ ಕಂಪನಿಯ ಮುಖ್ಯ ಕಚೇರಿಗಾಗಿ ಕಟ್ಟಿದ ಭವನದಲ್ಲಿ ಮುಂದೆ ಕರ್ನಾಟಕ ಕಾಲೇಜು ನೆಲೆಗೊಂಡಿತು. ಒಂದು ಊರು ದುಡಿಮೆಯ ಪಟ್ಟಣವಾಗಿ, ಮತ್ತೊಂದು ವಿದ್ಯೆಯ ಪಟ್ಟಣವಾಗಿ ರೂಪುಗೊಂಡುದರಲ್ಲಿ ಆ ಪರರಾಜ್ಯದ ಗಡಿಯನ್ನು ದಾಟಿದ ಕಬ್ಬಿಣದ ಹಾದಿಯ ಪಾಲು ಕಡಿಮೆಯಲ್ಲ.

ಈ ಲಾಭದ ಬೆಲೆಯನ್ನು ಯಾರು ತೆತ್ತರೆಂಬುದನ್ನೂ ಇತಿಹಾಸಕಾರನು ಕೇಳಬೇಕು. ಕಾರವಾರದ ವ್ಯಾಪಾರವು ಸೊರಗಿತು. ಗೋವೆಯ ಉಪ್ಪಿನಾಗರದವರು ತಮ್ಮ ಕಸುಬಿನ ಮೇಲೆ ಪರರ ಕಾವಲನ್ನು ಸಹಿಸಬೇಕಾಯಿತು. ಒಡಂಬಡಿಕೆಯೂ 1892ರಲ್ಲಿ ಮುಗಿದು, ಸುಂಕದ ಗಡಿಯು ಮರಳಿ ಎದ್ದಿತು. 1955ರಲ್ಲಿ ಭಾರತ ಸರಕಾರವು ಗೋವೆಯೊಡನೆ ವ್ಯವಹಾರವನ್ನು ಕಡಿದಾಗ ಗಡಿಯನ್ನು ದಾಟುವ ಬಂಡಿಗಳು ನಿಂತವು. 1961ರ ಡಿಸೆಂಬರದಲ್ಲಿ ಗೋವೆಯು ಬಿಡುಗಡೆ ಹೊಂದಿದ ಮೇಲೆ ಅದು ಅಂತರರಾಷ್ಟ್ರೀಯ ಗಡಿಯಾಗಿ ಉಳಿಯಲಿಲ್ಲ. 1987ರಲ್ಲಿ ಗೋವೆಯು ರಾಜ್ಯವಾಯಿತು. ಗಡಿಯು ಹೊಸ ವೇಷದಲ್ಲಿ ನಿಂತಿತು.

ಇತ್ತ 1962ರಲ್ಲಿ ಹುಬ್ಬಳ್ಳಿಯೂ ಧಾರವಾಡವೂ ಒಂದೇ ಮಹಾನಗರಪಾಲಿಕೆಯ ಆಡಳಿತಕ್ಕೆ ಬಂದವು. ಜನ ಹೆಚ್ಚಿತು, ಕೆರೆಗಳು ಸಾಲದಾದವು. ಕಲಘಟಗಿಯ ಕಡೆಯ ನೀರಸಾಗರದಿಂದ ಬೇಡ್ತಿಯ ನೀರು ಬಂದಿತು. 1972ರಲ್ಲಿ ಮುಗಿದ ನವಿಲುತೀರ್ಥದ ಅಣೆಕಟ್ಟಿನಿಂದ ಮಲಪ್ರಭೆಯ ನೀರು ಬಂದಿತು. ಹೀಗೆ ದಿನ್ನೆಯ ಮೇಲಿನ ನಗರವು ಪಡುವಣ ಹೊಳೆಯಿಂದಲೂ ಮೂಡಣ ಹೊಳೆಯಿಂದಲೂ ನೀರು ಕುಡಿಯತೊಡಗಿತು. ಮಳೆ ಕೈಕೊಟ್ಟ ವರ್ಷಗಳಲ್ಲಿ ಮಲಪ್ರಭೆಯ ಜಲಾಶಯವು ತುಂಬದು. ಆಗ ಎಲ್ಲರ ಕಣ್ಣು ಮಹದಾಯಿಯ ಕಡೆಗೆ ತಿರುಗಿತು.

ಮಲಪ್ರಭೆಯು ಹುಟ್ಟುವದು ಖಾನಾಪುರ ತಾಲೂಕಿನ ಕಣಕುಂಬಿಯಲ್ಲಿ. ಅದೇ ನೆರೆಯಲ್ಲಿ ಹರಿಯುವ ಕಳಸಾ ನಾಲೆಯು ಮಾತ್ರ ಪಡುವಲಿಗೆ ಸರಿದು, ಮಹದಾಯಿಯನ್ನು ಸೇರಿ, ಗೋವೆಯ ಮಾಂಡವಿಯಾಗಿ ಪಣಜಿಯ ಬಳಿ ಕಡಲನ್ನು ಕೂಡುವದು. ಕಳಸಾ-ಬಂಡೂರಿಗಳ ನೀರನ್ನು ಮಲಪ್ರಭೆಗೆ ತಿರುಗಿಸಿದರೆ ಅವಳಿ ನಗರಗಳ ದಾಹ ಹಿಂಗುವದೆಂಬುದು ಕರ್ನಾಟಕದ ವಾದ. ಹೊಳೆಯು ಬಡವಾದರೆ ಕಾಡು ಒಣಗುವದು, ಅಳಿವೆಯಲ್ಲಿ ಉಪ್ಪುನೀರು ಮೇಲೇರುವದು ಎಂಬುದು ಗೋವೆಯ ಭಯ. 2010ರಲ್ಲಿ ನ್ಯಾಯಮಂಡಳಿಯು ರಚಿತವಾಯಿತು. 2015ರಿಂದ ನರಗುಂದ-ನವಲಗುಂದಗಳ ರೈತರು ಬೀದಿಗಿಳಿದರು. 2018ರ ಆಗಸ್ಟದಲ್ಲಿ ಹೊರಬಿದ್ದ ತೀರ್ಪು ಕರ್ನಾಟಕಕ್ಕೆ ಒಟ್ಟು 13.42 ಟಿ.ಎಂ.ಸಿ. ನೀರನ್ನು ಕೊಟ್ಟಿತು, ಒಂದು ಟಿ.ಎಂ.ಸಿ. ಎಂದರೆ ನೂರು ಕೋಟಿ ಘನ ಅಡಿ. ಅದರಲ್ಲಿ ಮಲಪ್ರಭೆಗೆ ತಿರುಗಿಸಲು ಒಪ್ಪಿದ್ದು ಕಳಸಾದಿಂದ 1.72, ಬಂಡೂರಿಯಿಂದ 2.18, ಕೂಡಿ 3.90 ಟಿ.ಎಂ.ಸಿ. ಮಾತ್ರ. 2020ರ ಫೆಬ್ರುವರಿಯಲ್ಲಿ ಅದು ರಾಜಪತ್ರದಲ್ಲಿ ಪ್ರಕಟವಾಯಿತು. ಮೂರು ರಾಜ್ಯಗಳೂ ಸರ್ವೋಚ್ಚ ನ್ಯಾಯಾಲಯದ ಕದ ತಟ್ಟಿದವು. ಹಳೆಯ ರೇಲ್ವೆಗೂ ಹೊಸ ಪ್ರಶ್ನೆ ಎದುರಾಯಿತು: ಕ್ಯಾಸಲ್‌ರಾಕಿನ ಘಟ್ಟದಲ್ಲಿ ಎರಡನೆಯ ಹಳಿಯನ್ನು ಹಾಕಲು ದೊರೆತಿದ್ದ ವನ್ಯಜೀವಿ ಮಂಡಳಿಯ ಅನುಮತಿಯನ್ನು ಅದೇ ನ್ಯಾಯಾಲಯವು 2022ರಲ್ಲಿ ರದ್ದುಪಡಿಸಿತು.

ವಾಚಕರು ಈ ಎರಡು ಕಥೆಗಳನ್ನು ಎದುರುಬದುರಾಗಿ ಇಟ್ಟು ನೋಡಬೇಕು. ಭಾಷೆ, ಧ್ವಜ, ನಾಣ್ಯಗಳು ಬೇರೆಯಾಗಿದ್ದ ಎರಡು ಸತ್ತೆಗಳು ಹತ್ತಿಗಾಗಿ ಹತ್ತು ವರ್ಷಗಳಲ್ಲಿ ಘಟ್ಟವನ್ನು ಕೊರೆದವು. ಒಂದೇ ಸಂವಿಧಾನದ ಕೆಳಗಿನ ರಾಜ್ಯಗಳು ನೀರಿನ ಮಾತಿನಲ್ಲಿ ಹಲವು ದಶಕಗಳನ್ನು ಕಳೆದವು. ಇದರಿಂದ ಹಿಂದಿನವರು ಹೆಚ್ಚು ಧರ್ಮಿಷ್ಠರಾಗಿದ್ದರೆಂದು ತಿಳಿಯಬಾರದು. ಅವರು ಕಾರವಾರವನ್ನೂ ಉಪ್ಪಿನಾಗರದವರನ್ನೂ ಅಡವಿಯನ್ನೂ ಲೆಕ್ಕಕ್ಕೆ ಹಿಡಿಯಲಿಲ್ಲ. ಆದುದರಿಂದ ಅವರ ಕೆಲಸ ಬೇಗ ಮುಗಿಯಿತು. ನಾವು ಎಲ್ಲರನ್ನೂ ಲೆಕ್ಕಕ್ಕೆ ಹಿಡಿಯಬೇಕಾದವರು. ವಿಳಂಬವು ನ್ಯಾಯದ ವೆಚ್ಚವಾದರೆ ಸಹಿಸಬಹುದು. ಹಟದ ವೆಚ್ಚವಾದರೆ ಸಹಿಸಲಾಗದು.

ಆದುದರಿಂದ ನಗರದ ಯೋಜನೆಯನ್ನು ಮಾಡುವವರು ನಕಾಶೆಯನ್ನು ಪಾಲಿಕೆಯ ಎಲ್ಲೆಗೆ ನಿಲ್ಲಿಸದೆ ಕಣಕುಂಬಿಯ ಕಾಡಿನವರೆಗೂ, ಮಾಂಡವಿಯ ಅಳಿವೆಯವರೆಗೂ ಬಿಡಿಸಬೇಕು. ಮೇಲಿನವರು ಕೇಳುವ ನೀರಿನ ಪಕ್ಕದಲ್ಲಿ ಕೆಳಗಿನವರಿಗೆ ಉಳಿಯಬೇಕಾದ ನೀರನ್ನೂ ಬರೆಯಬೇಕು. ಅದಕ್ಕೂ ಮೊದಲು ಉಣಕಲ್ಲ, ಕೆಲಗೇರಿ ಕೆರೆಗಳ ಹೂಳನ್ನು ತೆಗೆದು, ಅವುಗಳಿಗೆ ಸೇರುವ ಕೊಳಚೆಯನ್ನು ತಡೆಯಬೇಕು. ತನ್ನ ಅಂಗಳದ ಮಳೆಯನ್ನು ಹಿಡಿದಿಟ್ಟ ಊರು ನೆರೆಯವರ ಬಾಗಿಲಿಗೆ ಹೋಗಿ ನೀರು ಕೇಳಿದಾಗ ಆ ಮಾತಿಗೆ ತೂಕವಿರುವದು.