480 ತಾವರೆಗಳ ಹಂಚಿಕೆ: ಮಹಾವೀರಾಚಾರ್ಯರ ಪ್ರಕ್ಷೇಪಕ ಗಣಿತ

ಜಿನವಾಣಿಯ ನಾಲ್ಕು ಅನುಯೋಗಗಳಲ್ಲಿ ಒಂದಾದ ಕರಣಾನುಯೋಗವು ಲೋಕದ ಅಳತೆ ಮತ್ತು ಕಾಲದ ಗಣನೆಯನ್ನು ಒಳಗೊಂಡಿದೆ. ಆದ್ದರಿಂದ ಗಣಿತವು ಜೈನ ವಿದ್ವಾಂಸರಿಗೆ ಎಂದೂ ಹೊರಗಿನ ವಿದ್ಯೆಯಾಗಿರಲಿಲ್ಲ. ಆ ಪರಂಪರೆಯಲ್ಲಿ ಅಗ್ರಗಣ್ಯರು ಮಹಾವೀರಾಚಾರ್ಯರು. ರಾಷ್ಟ್ರಕೂಟ ಚಕ್ರವರ್ತಿ ಅಮೋಘವರ್ಷ ನೃಪತುಂಗನ (ಕ್ರಿ.ಶ. 814–878) ಕಾಲದಲ್ಲಿ, ಸುಮಾರು 850ರಲ್ಲಿ, ಅವರು ಸಂಸ್ಕೃತದಲ್ಲಿ ‘ಗಣಿತಸಾರಸಂಗ್ರಹ’ವನ್ನು ರಚಿಸಿದರು. ನೃಪತುಂಗನ ರಾಜಧಾನಿ ಮಾನ್ಯಖೇಟವೇ ಇಂದಿನ ಕಲಬುರಗಿ ಜಿಲ್ಲೆಯ ಮಳಖೇಡ. ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿಗಳ ಸೀಮೆಯೂ ಅದೇ ಸಾಮ್ರಾಜ್ಯದ ಮಡಿಲಲ್ಲಿತ್ತು.

ಈ ಗ್ರಂಥದ ‘ಮಿಶ್ರಕವ್ಯವಹಾರ’ವೆಂಬ ಅಧ್ಯಾಯದಲ್ಲಿ ‘ಪ್ರಕ್ಷೇಪಕ ಕುಟ್ಟೀಕಾರ’ವೆಂಬ ಭಾಗವಿದೆ. ಒಂದು ಮೊತ್ತವನ್ನು ಗೊತ್ತಾದ ಪ್ರಮಾಣದಲ್ಲಿ ಪಾಲು ಮಾಡುವ ವಿಧಾನವೇ ಪ್ರಕ್ಷೇಪಕ. ಅದರ ಕ್ರಮ ಸರಳವಾದುದು. ಪಾಲುಗಳು ಭಿನ್ನರಾಶಿಯಲ್ಲಿದ್ದರೆ ಅವುಗಳಿಗೆ ಸಮಚ್ಛೇದ ಮಾಡಬೇಕು. ಬಳಿಕ ಛೇದವನ್ನು ಬಿಟ್ಟು ಅಂಶಗಳನ್ನು ಕೂಡಿಸಿ, ಆ ಕೂಡಿಕೆಯಿಂದ ಮೊತ್ತವನ್ನು ಭಾಗಿಸಬೇಕು. ಬಂದ ಫಲವನ್ನು ಒಂದೊಂದು ಅಂಶದಿಂದ ಗುಣಿಸಿದರೆ ಅವರವರ ಪಾಲು ದೊರೆಯುತ್ತದೆ.

ಆಚಾರ್ಯರು ಇದಕ್ಕೆ ಕೊಟ್ಟಿರುವ ಉದಾಹರಣೆಗಳಲ್ಲೊಂದು ಬಸದಿಯೊಳಗೇ ನಡೆಯುತ್ತದೆ. ಶ್ರಾವಕನೊಬ್ಬನು 480 ತಾವರೆಗಳನ್ನು ತಂದು ಜಿನಾಲಯದಲ್ಲಿ ಪೂಜೆ ಸಲ್ಲಿಸುತ್ತಾನೆ. ವೃಷಭನಾಥರಿಗೆ 1/2, ಪಾರ್ಶ್ವನಾಥರಿಗೆ 1/4, ಜಿನಪತಿಗೆ 1/12, ಮುನಿಸುವ್ರತರಿಗೆ 1/3, ಅರಿಷ್ಟನೇಮಿಗೆ 1/8, ಶಾಂತಿನಾಥರಿಗೆ 1/4ರಲ್ಲಿ 1/6, ಅಂದರೆ 1/24, ಎಂಬ ಪ್ರಮಾಣ. 24ನ್ನು ಸಮಚ್ಛೇದವಾಗಿ ಇಟ್ಟುಕೊಂಡರೆ ಅಂಶಗಳು ಕ್ರಮವಾಗಿ 12, 6, 2, 8, 3, 1. ಇವುಗಳ ಮೊತ್ತ 32. 480ನ್ನು 32ರಿಂದ ಭಾಗಿಸಿದರೆ 15. ಆದುದರಿಂದ ಹೂಗಳ ಸಂಖ್ಯೆ ಕ್ರಮವಾಗಿ 180, 90, 30, 120, 45, 15. ಇವನ್ನೆಲ್ಲ ಕೂಡಿಸಿದರೆ ಮತ್ತೆ 480.

ಇಲ್ಲಿ ಗಮನಿಸಬೇಕಾದ ಒಂದು ಸೂಕ್ಷ್ಮವಿದೆ. ಹೇಳಿದ ಭಾಗಗಳನ್ನು ಕೂಡಿಸಿದರೆ ಒಂದನ್ನು ಮೀರಿ 4/3 ಆಗುತ್ತದೆ. ಅರ್ಧವೆಂದು 240 ಹೂಗಳನ್ನು, ಕಾಲುಭಾಗವೆಂದು 120 ಹೂಗಳನ್ನು ಎಣಿಸುತ್ತ ಹೋದರೆ 640 ತಾವರೆಗಳು ಬೇಕಾಗುತ್ತವೆ. ಮೊದಲು ಬಂದವರಿಗೆ ಪೂರ್ತಿ ಕೊಟ್ಟರೆ ಕೊನೆಯವರಿಗೆ ಹೂವೇ ಉಳಿಯದು. ಪ್ರಕ್ಷೇಪಕವು ಹಾಗಾಗಗೊಡುವುದಿಲ್ಲ. 240 ಇದ್ದುದು 180 ಆಗುತ್ತದೆ, 20 ಇದ್ದುದು 15 ಆಗುತ್ತದೆ. ದೊಡ್ಡ ಪಾಲಿಗೂ ಸಣ್ಣ ಪಾಲಿಗೂ ಕೊರತೆ ಕಾಲುಭಾಗವೇ. ನಾಲ್ವರು ಸೇವಕರಿಗೆ 120 ಹೊನ್ನನ್ನು 1/2, 1/3, 1/4, 1/6ರ ಪ್ರಮಾಣದಲ್ಲಿ ಹಂಚುವ ಇನ್ನೊಂದು ಲೆಕ್ಕದಲ್ಲಿಯೂ ಇದೇ ನ್ಯಾಯವಿದೆ. ಅಲ್ಲಿ ಪಾಲುಗಳು 48, 32, 24, 16. ಪ್ರತಿಯೊಬ್ಬರಿಗೂ ಐದನೆಯ ಒಂದು ಭಾಗವಷ್ಟೇ ಕಡಿಮೆ.

ಪ್ರಮಾಣಬದ್ಧವಾದ ಹಂಚಿಕೆಯು ಗ್ರಂಥಕ್ಕಷ್ಟೇ ಮೀಸಲಾಗಿರಲಿಲ್ಲವೆಂಬುದಕ್ಕೆ ಈ ಸೀಮೆಯ ಶಾಸನವೇ ಸಾಕ್ಷಿ. ಇಂಡಿ ತಾಲೂಕಿನ ಸಾಲೋಟಗಿಯ ಸ್ತಂಭಶಾಸನವು ಕ್ರಿ.ಶ. 945ರದು, ಮೂರನೆಯ ಕೃಷ್ಣನ ಕಾಲದ್ದು. ಅವನ ಮಂತ್ರಿ ನಾರಾಯಣನು ಕಟ್ಟಿಸಿದ ವಿದ್ಯಾಶಾಲೆಯ ವಿದ್ಯಾರ್ಥಿಗಳಿಗೆ 27 ವಸತಿಗಳು, ದೀಪಗಳಿಗೆ 12 ನಿವರ್ತನ ಭೂಮಿ, ಉಪಾಧ್ಯಾಯನಿಗೆ 50 ನಿವರ್ತನ ಭೂಮಿ ಎಂದು ಅದರಲ್ಲಿ ನಿಗದಿಯಾಗಿದೆ. ಊರವರು ಶಾಲೆಗೆ ಕೊಡಬೇಕಾದ ಕಾಣಿಕೆ ಮದುವೆಗೆ 5 ನಾಣ್ಯವಾದರೆ ಉಪನಯನಕ್ಕೆ ಅದರ ಅರ್ಧ. ಮತ ಬೇರೆಯಾದರೂ ಹಂಚಿಕೆಯ ವಿವೇಕ ಒಂದೇ.

‘ಗಣಿತಸಾರಸಂಗ್ರಹ’ವು 11ನೆಯ ಶತಮಾನದಲ್ಲಿ ಪಾವುಲೂರಿ ಮಲ್ಲನನಿಂದ ತೆಲುಗಿಗೆ ಬಂದಿತು. 12ನೆಯ ಶತಮಾನದಲ್ಲಿ ಜೈನಕವಿ ರಾಜಾದಿತ್ಯನು ‘ವ್ಯವಹಾರಗಣಿತ’ವನ್ನು ಬರೆದು ಗಣಿತವನ್ನು ಕನ್ನಡದಲ್ಲಿಯೇ ನಿಲ್ಲಿಸಿದನು. ಮಹಾವೀರಾಚಾರ್ಯರ ಕೃತಿಯನ್ನು ಎಂ. ರಂಗಾಚಾರ್ಯರು 1912ರಲ್ಲಿ ಮದರಾಸಿನಲ್ಲಿ ಇಂಗ್ಲಿಷ್ ಅನುವಾದದೊಡನೆ ಮುದ್ರಿಸಿದರು. 1963ರಲ್ಲಿ ಇಂಡಿಗೆ ನೆರೆಯಾದ ಸೊಲ್ಲಾಪುರದಿಂದ ಹಿಂದಿ ಅನುವಾದವು ಹೊರಬಂದಿತು.

ಕಣದ ರಾಶಿಯನ್ನು ಒಡೆಯನೂ ಪಾಲುಗಾರನೂ ಹಂಚಿಕೊಳ್ಳುವಾಗ, ಪಾಲುದಾರಿಕೆಯ ವ್ಯಾಪಾರದಲ್ಲಿ ಲಾಭ ನಷ್ಟಗಳನ್ನು ಬಂಡವಾಳಕ್ಕೆ ತಕ್ಕಂತೆ ಬರೆಯುವಾಗ, ಬಸದಿಯ ಕಾರ್ಯಕ್ಕೆ ಊರೂರಿನ ವಂತಿಗೆಯನ್ನು ಗೊತ್ತುಪಡಿಸುವಾಗ ಇಂದಿಗೂ ನಡೆಯುವುದು ಈ ಗಣಿತವೇ. ಸುಗ್ಗಿಯ ವರ್ಷದಲ್ಲಿ ಹಂಚಿಕೆ ಯಾರಿಗೂ ಕಷ್ಟವಲ್ಲ. ಬೇಡಿಕೆಯು ಮೊತ್ತವನ್ನು ಮೀರಿದಾಗಲೇ ನ್ಯಾಯದ ಪರೀಕ್ಷೆ. ಅಂಥ ಹೊತ್ತಿನಲ್ಲಿ ಕೊರತೆಯನ್ನು ಎಲ್ಲರೂ ತಮ್ಮ ಪಾಲಿಗೆ ತಕ್ಕಂತೆ ಹೊರಬೇಕು, 15 ಹೂಗಳ ಪಾಲೂ ತಪ್ಪಬಾರದು ಎಂಬುದನ್ನು ಆಚಾರ್ಯರ ತಾವರೆಗಳು ತೋರಿಸಿಕೊಡುತ್ತವೆ.