ವಿಮಾನದರ ನಿಯಂತ್ರಣ: ಅಮೆರಿಕಾದ ನಲವತ್ತು ವರ್ಷಗಳು

ಎರಡು ತಿಂಗಳು ನಿಂತಿದ್ದ ವಿಮಾನಸಂಚಾರವನ್ನು 2020ನೆಯ ಇಸವಿಯ ಮೇ ತಿಂಗಳಲ್ಲಿ ಪುನಃ ಆರಂಭಿಸಿದಾಗ, ಭಾರತ ಸರ್ಕಾರವು ಟಿಕೆಟಿನ ದರಕ್ಕೆ ಗರಿಷ್ಠ ಮಿತಿಯೊಂದನ್ನೂ ಕನಿಷ್ಠ ಮಿತಿಯೊಂದನ್ನೂ ಗೊತ್ತುಮಾಡಿತು. ಮಾರ್ಪಾಡುಗಳೊಡನೆ ಈ ಏರ್ಪಾಡು 2022ರ ಆಗಸ್ಟ್ ಕೊನೆಯವರೆಗೆ ನಡೆಯಿತು. ಗರಿಷ್ಠ ಮಿತಿಯ ಉದ್ದೇಶ ಎಲ್ಲರಿಗೂ ವೇದ್ಯವಾದುದೇ. ಆದರೆ ಪ್ರಯಾಣಿಕನಿಂದ ಇಷ್ಟಕ್ಕಿಂತ ಕಡಮೆ ಹಣವನ್ನು ತೆಗೆದುಕೊಳ್ಳಕೂಡದೆಂದು ಸರ್ಕಾರವೇ ವಿಧಿಸುವುದೇಕೆ? ಈ ಪ್ರಶ್ನೆಯನ್ನು ದೀರ್ಘಕಾಲ ಒರೆಗೆ ಹಚ್ಚಿ ನೋಡಿದ ದೇಶ ಅಮೆರಿಕಾ.

ಅಲ್ಲಿ 1938ರ ಶಾಸನದಿಂದ ಹುಟ್ಟಿ, 1940ರಲ್ಲಿ ಪುನಾರಚಿತವಾದ ಸಿವಿಲ್ ಏರೋನಾಟಿಕ್ಸ್ ಬೋರ್ಡಿಗೆ ಎರಡು ಮುಖ್ಯ ಅಧಿಕಾರಗಳಿದ್ದುವು: ಯಾವ ಮಾರ್ಗದಲ್ಲಿ ಯಾರು ಹಾರಬಹುದೆಂಬುದನ್ನು ನಿರ್ಣಯಿಸುವುದು, ಟಿಕೆಟಿನ ದರವನ್ನು ಅಂಗೀಕರಿಸುವುದು. ಈ ಕಟ್ಟುಪಾಡನ್ನು ಬೇಡಿದವರಲ್ಲಿ ವಿಮಾನ ಕಂಪನಿಗಳೇ ಇದ್ದುವೆಂಬುದನ್ನು ನಾವು ಮರೆಯಲಾಗದು. ಮಿತಿಯಿಲ್ಲದ ಪೈಪೋಟಿಯಿಂದ ಎಳೆಯ ಉದ್ಯಮವು ನಾಶವಾದೀತೆಂಬ ಭೀತಿ ಆಗ ವ್ಯಾಪಕವಾಗಿತ್ತು.

ರಕ್ಷಣೆಯೇನೋ ದೊರೆಯಿತು. 1938ರಿಂದ 1978ರವರೆಗೆ ಮುಖ್ಯ ಮಾರ್ಗಗಳ ಕಂಪನಿಗಳ ಸಾಲಿಗೆ ಹೊಸದೊಂದು ಸೇರಲಿಲ್ಲ. ಆದರೆ ಪೈಪೋಟಿಯು ಅಳಿಯಲಿಲ್ಲ, ರೂಪವನ್ನು ಮಾತ್ರ ಬದಲಿಸಿತು. ದರವನ್ನು ಇಳಿಸಲಾರದವರು ವಿಮಾನಗಳ ಸಂಖ್ಯೆಯನ್ನು ಹೆಚ್ಚಿಸಿದರು, ಊಟೋಪಚಾರಗಳನ್ನು ಬೆಳೆಸಿದರು. 1970ರ ದಶಕದ ಆದಿಯಲ್ಲಿ ಒಂದು ಕಂಪನಿಯು ತನ್ನ ದೊಡ್ಡ ವಿಮಾನಗಳಲ್ಲಿ ಪಿಯಾನೋವನ್ನೇ ಇರಿಸಿತು! ಅದೇ ಸಮಯದಲ್ಲಿ ಸುಮಾರು ಅರ್ಧದಷ್ಟು ಆಸನಗಳು ಖಾಲಿಯಾಗಿ ಹಾರುತ್ತಿದ್ದುವು. 1970–74ರಲ್ಲಿ ನಡೆದ ವಿಚಾರಣೆಯ ತರುವಾಯ ಬೋರ್ಡು ಶೇಕಡ 55ರಷ್ಟು ಆಸನಗಳು ತುಂಬುವುವೆಂದೂ ಬಂಡವಾಳಕ್ಕೆ ಶೇಕಡ 12ರ ಪ್ರತಿಫಲ ಸಲ್ಲಬೇಕೆಂದೂ ಭಾವಿಸಿ, ದೂರವನ್ನನುಸರಿಸಿ ದರಗಳನ್ನು ಲೆಕ್ಕಹಾಕಿತು. ಉಳಿದ ಖಾಲಿ ಆಸನಗಳ ವೆಚ್ಚವನ್ನು ಕುಳಿತವನೇ ತೆತ್ತನೆಂಬುದು ಇದರ ತಾತ್ಪರ್ಯ.

ಈ ವ್ಯವಸ್ಥೆಯ ವಿರುದ್ಧ ಪ್ರಬಲವಾದ ಸಾಕ್ಷ್ಯ ದೊರೆತುದು ಬೋರ್ಡಿನ ಅಧಿಕಾರ ನಡೆಯದಿದ್ದ ಕಡೆಯಲ್ಲಿ. ಒಂದೇ ರಾಜ್ಯದೊಳಗೆ ಹಾರುವ ಕಂಪನಿಗಳು ಅದರ ವ್ಯಾಪ್ತಿಗೆ ಸೇರಿರಲಿಲ್ಲ. ಕ್ಯಾಲಿಫೋರ್ನಿಯಾದಲ್ಲಿ 1949ರಲ್ಲಿ ಆರಂಭವಾದ ಪೆಸಿಫಿಕ್ ಸೌತ್‌ವೆಸ್ಟ್ ಅಂಥದು. 1975ರ ಸುಮಾರಿನಲ್ಲಿ ಲಾಸ್ ಏಂಜಲೀಸ್–ಸ್ಯಾನ್ ಫ್ರಾನ್ಸಿಸ್ಕೋ ನಡುವಣ 338 ಮೈಲಿಗೆ 18.75 ಡಾಲರು ದರವಿದ್ದರೆ, ಬೋರ್ಡಿನ ಅಧೀನದಲ್ಲಿದ್ದ ಬಾಸ್ಟನ್–ವಾಷಿಂಗ್ಟನ್ ಮಾರ್ಗದ 399 ಮೈಲಿಗೆ 41.67 ಡಾಲರು. ಕ್ಯಾಲಿಫೋರ್ನಿಯಾದ ಹವೆ ಹಿತಕರ, ಪ್ರಯಾಣಿಕರೂ ಅಧಿಕ. ಆದುದರಿಂದ ಹೋಲಿಕೆ ಸಲ್ಲದೆಂದು ಕಂಪನಿಗಳು ವಾದಿಸಿದುವು. ಈ ಆಕ್ಷೇಪವನ್ನು ಪೂರ್ಣವಾಗಿ ತಳ್ಳಿಹಾಕುವುದು ನಮಗೆ ಉಚಿತವೆನಿಸದು. ಆದರೂ 1971ರಿಂದ ಟೆಕ್ಸಾಸಿನೊಳಗೆ ಹಾರಿದ ಸೌತ್‌ವೆಸ್ಟ್ ಕಂಪನಿಯೂ ಅಗ್ಗದ ದರವನ್ನೇ ತೋರಿಸಿಕೊಟ್ಟ ಮೇಲೆ, ಹವೆಯೊಂದನ್ನೇ ಕಾರಣವೆನ್ನುವುದು ಕಷ್ಟ.

1975ರಲ್ಲಿ ಸೆನೆಟರ್ ಎಡ್ವರ್ಡ್ ಕೆನೆಡಿಯವರು ನಡೆಸಿದ ವಿಚಾರಣೆಯು ಈ ಅಂಕಿಗಳನ್ನು ಸಾರ್ವಜನಿಕರ ಮುಂದಿರಿಸಿತು. 1977ರಲ್ಲಿ ಬೋರ್ಡಿನ ಅಧ್ಯಕ್ಷರಾದ ಅರ್ಥಶಾಸ್ತ್ರಜ್ಞ ಆಲ್ಫ್ರೆಡ್ ಕಾನ್ ಅವರು ತಮ್ಮ ಸಂಸ್ಥೆಯ ಕಟ್ಟುಗಳನ್ನು ತಾವೇ ಸಡಿಲಿಸತೊಡಗಿದರು. 1978ರ ಅಕ್ಟೋಬರ್ 24ರಂದು ಅಧ್ಯಕ್ಷ ಕಾರ್ಟರ್ ಅವರು ನಿಯಂತ್ರಣ ವಿಮೋಚನೆಯ ಶಾಸನಕ್ಕೆ ಸಹಿ ಹಾಕಿದರು. 1983ರಲ್ಲಿ ದರಾಧಿಕಾರ ಕೊನೆಗೊಂಡಿತು. 1985ರ ಆದಿಯಲ್ಲಿ ಬೋರ್ಡೇ ಇಲ್ಲವಾಯಿತು. ಮುಂದೆ ದರಗಳು ಇಳಿದುದೆಲ್ಲವೂ ಈ ಶಾಸನದ ಫಲವೆಂದು ಬರೆಯುವವರುಂಟು. ಜೆಟ್ ವಿಮಾನಗಳ ದೆಸೆಯಿಂದ, ಬೆಲೆಯೇರಿಕೆಯನ್ನು ಕಳೆದು ನೋಡಿದಲ್ಲಿ, ದರಗಳು ಅದಕ್ಕೆ ಮೊದಲೇ ಇಳಿಯುತ್ತಿದ್ದುದನ್ನು ಅವರು ಗಣಿಸುವುದಿಲ್ಲ.

ಹಳೆಯ ವ್ಯವಸ್ಥೆಯ ಪರವಾಗಿ ಹೇಳಬಹುದಾದ ಮಾತೊಂದುಂಟು. ದೂರದ ಮಾರ್ಗಗಳ ಹೆಚ್ಚಿನ ದರವು ಸಮೀಪದ ಮಾರ್ಗಗಳ ನಷ್ಟವನ್ನು ಸ್ವಲ್ಪಮಟ್ಟಿಗೆ ತುಂಬುತ್ತಿತ್ತು. ಸಣ್ಣ ಊರಿನವನ ವಿಮಾನಕ್ಕೆ ನ್ಯೂಯಾರ್ಕಿನ ಪ್ರಯಾಣಿಕನು ತನಗರಿವಿಲ್ಲದೆಯೇ ಹಣ ಕೊಡುತ್ತಿದ್ದನು. ದರಗಳು ಸ್ವತಂತ್ರವಾದ ಮೇಲೆ ಈ ಗುಪ್ತದಾನ ಸಾಗದಾಯಿತು. ಅಂಥ ಊರುಗಳಿಗೆ ಸೇವೆ ತಪ್ಪದಂತೆ ಸರ್ಕಾರದ ಬೊಕ್ಕಸದಿಂದಲೇ ಸಹಾಯಧನವನ್ನು ಕೊಡಲು 1978ರ ಶಾಸನದಲ್ಲಿಯೇ ಅವಕಾಶ ಕಲ್ಪಿಸಬೇಕಾಯಿತು. ಹತ್ತು ವರ್ಷಗಳ ಅವಧಿಗೆಂದು ಬಂದ ಆ ಏರ್ಪಾಡು ಇಂದಿಗೂ ರದ್ದಾಗಿಲ್ಲ.